ದೇಹವನ್ನು ಒಪ್ಪಿಕೊಂಡರೆ ಪ್ರಯತ್ನ ಕೈಬಿಟ್ಟ ಹಾಗೆಯೇ?

ಪ್ರಶ್ನೆ: ನನಗೆ 36 ವರ್ಷ. ಎತ್ತರ 158 ಸೆಂ.ಮೀ., ತೂಕ 78 ಕೆಜಿ. ಎರಡನೇ ಹೆರಿಗೆಯಲ್ಲಿ ಏರಿದ ತೂಕ ಇಳಿದೇ ಇಲ್ಲ. ಮೂರ್ನಾಲ್ಕು ಸಲ ಡಯಟ್ ಮಾಡಿದೆ. ದಿನಕ್ಕೆ 1,200 ಕ್ಯಾಲೊರಿ ಅಂತ ಲೆಕ್ಕ ಇಟ್ಟು ಏಳೆಂಟು ಕೆಜಿ ಇಳಿಸಿದ್ದೂ ಉಂಟು. ವರ್ಷದೊಳಗೆ ಅಷ್ಟೂ ವಾಪಸ್ ಬರುತ್ತದೆ, ಜೊತೆಗೆ ಒಂದೆರಡು ಕೆಜಿ ಜಾಸ್ತಿ. ಈಚೆಗೆ ಹಗಲೆಲ್ಲ ಬಾಯಿ ಕಟ್ಟಿ, ರಾತ್ರಿ ಎಲ್ಲರೂ ಮಲಗಿದ ಮೇಲೆ ಹೊಟ್ಟೆ ಬಿರಿಯುವಷ್ಟು ತಿಂದುಬಿಡುತ್ತೇನೆ. ವಾರಕ್ಕೆ ಒಂದೆರಡು ಸಲವಾದರೂ ಹೀಗಾಗುತ್ತದೆ. ಎಚ್‌ಬಿಎ1ಸಿ (ಸುಮಾರು ಮೂರು ತಿಂಗಳ ಸರಾಸರಿ ಶುಗರ್ ತೋರಿಸುವ ರಕ್ತ ಪರೀಕ್ಷೆ) 5.9 ಬಂದಿದೆ. ಬಿಪಿ ಸರಿ ಇದೆ. ಮಂಡಿ ನೋವು ಅಂತ ಹೋದರೆ ಡಾಕ್ಟರು ಮುಟ್ಟಿಯೂ ನೋಡದೆ "ಮೊದಲು ತೂಕ ಇಳಿಸಿ ಬನ್ನಿ" ಅಂದರು. ದಾರಿಯಲ್ಲಿ ಯಾರೋ ಆಡಿಕೊಂಡು ನಕ್ಕ ಮೇಲೆ ವಾಕಿಂಗ್ ಬಿಟ್ಟೆ. ಗೆಳತಿಯೊಬ್ಬಳು ಬಾಡಿ ಪಾಸಿಟಿವಿಟಿ ವಿಡಿಯೋಗಳನ್ನು ಕಳಿಸುತ್ತಿರುತ್ತಾಳೆ: "ನಿನ್ನ ದೇಹವನ್ನು ಪ್ರೀತಿಸು, ತೂಕದ ಚಿಂತೆ ಬಿಡು." ಕನ್ನಡಿ ಮುಂದೆ ನಿಂತು "ನಾನು ಚೆನ್ನಾಗಿದ್ದೇನೆ" ಅಂದುಕೊಂಡರೆ ಸುಳ್ಳು ಹೇಳಿದ ಹಾಗೆ ಅನ್ನಿಸುತ್ತದೆ. ನಮ್ಮ ಮನೆಯವರು ಇದೆಲ್ಲ ಸೋಮಾರಿಗಳ ನೆಪ ಅನ್ನುತ್ತಾರೆ. ಮೊನ್ನೆ 9 ವರ್ಷದ ಮಗಳು "ಅಮ್ಮಾ, ನಾನೂ ದಪ್ಪ ಇದ್ದೀನಾ?" ಅಂತ ಕೇಳಿದಳು. ಈ ದೇಹವನ್ನು ಹೀಗೇ ಒಪ್ಪಿಕೊಂಡುಬಿಡಲೇ? ಅಥವಾ ಇನ್ನೊಮ್ಮೆ ಡಯಟ್ ಶುರು ಮಾಡಲೇ? ತೂಕ ಇಳಿಸುವ ಇಂಜೆಕ್ಷನ್ ಬಗ್ಗೆಯೂ ಕೇಳಿದ್ದೇನೆ.

ಉತ್ತರ: ನಿಮ್ಮ ಪತ್ರದಲ್ಲಿ ತೂಕದ ವಿಷಯ ತುಂಬಾ ಇದೆ. ಆದರೆ ಓದಿದಾಗ ನನ್ನ ಕಣ್ಣಿಗೆ ಮೊದಲು ಬಿದ್ದದ್ದು ರಾತ್ರಿ ಊಟದ ಸಾಲು. ಅದಕ್ಕೆ ಆಮೇಲೆ ಬರುತ್ತೇನೆ. ಈಗ ನೇರ ಉತ್ತರ: ಒಪ್ಪಿಕೊಳ್ಳುವುದೋ, ಆರೋಗ್ಯ ನೋಡಿಕೊಳ್ಳುವುದೋ ಅಂತ ಎರಡರಲ್ಲಿ ಒಂದನ್ನು ಆರಿಸಬೇಕಾಗಿಲ್ಲ. ಶುಗರ್ ಮತ್ತು ತೂಕದ ತೊಂದರೆಗೆ ಚಿಕಿತ್ಸೆ ಕೊಡುವ ವೈದ್ಯನಾಗಿ ನಾನು ಕಂಡದ್ದು ಹೀಗೆ. ದೇಹದ ಮೇಲೆ ಸಿಟ್ಟಿಟ್ಟುಕೊಂಡವರು ಅದನ್ನು ಹೆಚ್ಚು ದಿನ ಚೆನ್ನಾಗಿ ನೋಡಿಕೊಳ್ಳುವುದಿಲ್ಲ. ಒಂದಷ್ಟು ದಿನ ದಂಡಿಸುತ್ತಾರೆ, ಸುಸ್ತಾಗುತ್ತಾರೆ, ಬಿಟ್ಟುಬಿಡುತ್ತಾರೆ.

ಇದು ಸೋಮಾರಿಗಳ ನೆಪ ಅನ್ನುವ ಮಾತನ್ನು ಮೊದಲು ನೋಡೋಣ. ಬಾಡಿ ಪಾಸಿಟಿವಿಟಿಯ ಬೇರು ಇರುವುದು 1960ರ ದಶಕದ ಅಮೆರಿಕದಲ್ಲಿ. 1967ರಲ್ಲಿ ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ದಪ್ಪ ಮೈಯವರ ಪರವಾಗಿ ಜನ ಸೇರಿ ಪ್ರತಿಭಟಿಸಿದರು. 1969ರಲ್ಲಿ ಅವರ ಹಕ್ಕುಗಳಿಗಾಗಿ ಅಲ್ಲೊಂದು ಸಂಘವೇ ಹುಟ್ಟಿತು. ದಪ್ಪ ಇದ್ದೇವೆ ಅನ್ನುವ ಕಾರಣಕ್ಕೆ ಕೆಲಸ ತಪ್ಪಬಾರದು, ಅವಮಾನ ಆಗಬಾರದು, ಚಿಕಿತ್ಸೆ ಸಿಗದೆ ಹೋಗಬಾರದು ಅನ್ನುವುದು ಅವರ ಬೇಡಿಕೆ. ಡಾಕ್ಟರು ಮಂಡಿಯನ್ನು ಮುಟ್ಟಿಯೂ ನೋಡಲಿಲ್ಲ ಅಂತ ನೀವು ಬರೆದಿದ್ದೀರಲ್ಲ, ಆ ದೂರು ಅಷ್ಟು ಹಳೆಯದು. ಮೊಬೈಲಿಗೆ ಬರುವ ಹೊತ್ತಿಗೆ ಈ ಚಳವಳಿ ಮೈ ಪ್ರದರ್ಶನವೂ ಆಯಿತು, ಬಟ್ಟೆ-ಕ್ರೀಮು ಮಾರುವ ದಾರಿಯೂ ಆಯಿತು. ನಿಮ್ಮ ಮನೆಯವರು ನೋಡಿರುವುದು ಈ ಎರಡನೆಯದನ್ನೇ ಇರಬೇಕು.

ಹಾಗಂತ ನಿಮ್ಮ ಗೆಳತಿ ಕಳಿಸುವುದೆಲ್ಲ ನಿಜ ಅಂತಲೂ ನಾನು ಹೇಳುವುದಿಲ್ಲ. "ತೂಕಕ್ಕೂ ಆರೋಗ್ಯಕ್ಕೂ ಸಂಬಂಧವೇ ಇಲ್ಲ" ಅನ್ನುವುದು ತಪ್ಪು. ಮೈಯಲ್ಲಿ, ಅದರಲ್ಲೂ ಹೊಟ್ಟೆಯ ಒಳಗೆ, ಕೊಬ್ಬು ಜಾಸ್ತಿಯಾದಷ್ಟೂ ಟೈಪ್ 2 ಮಧುಮೇಹ, ರಕ್ತದೊತ್ತಡ, ನಿದ್ದೆಯಲ್ಲಿ ಉಸಿರು ಕಟ್ಟುವುದು, ಮಂಡಿ ಸವೆತ, ಕೆಲವು ಬಗೆಯ ಕ್ಯಾನ್ಸರ್ ಇವುಗಳ ಸಾಧ್ಯತೆ ಏರುತ್ತದೆ. ನಿಮ್ಮ ಎಚ್‌ಬಿಎ1ಸಿ 5.9 ಇದೆ. 5.7ರಿಂದ 6.4ರವರೆಗೆ ಮಧುಮೇಹದ ಹೊಸ್ತಿಲು, 6.5 ಅಥವಾ ಅದಕ್ಕಿಂತ ಹೆಚ್ಚಾದರೆ ಮಧುಮೇಹ. ನೀವು ಹೊಸ್ತಿಲಿನ ಆರಂಭದಲ್ಲಿದ್ದೀರಿ. ಗಾಬರಿ ಬೇಡ, ಆದರೆ ಕಣ್ಣು ಮುಚ್ಚಿ ಕೂರುವ ಹಾಗೂ ಇಲ್ಲ. ಗರ್ಭಿಣಿಯಾಗಿದ್ದಾಗ ಶುಗರ್ ಬಂದಿತ್ತೇ ಅನ್ನುವುದನ್ನು ನೀವು ಬರೆದಿಲ್ಲ. ಬಂದಿದ್ದರೆ ಇನ್ನೂ ಎಚ್ಚರ ಬೇಕು.

ನಿಮ್ಮ ಬಿಎಂಐ, ಅಂದರೆ ಎತ್ತರಕ್ಕೆ ಹೋಲಿಸಿದ ತೂಕದ ಲೆಕ್ಕ, 31 ಆಗುತ್ತದೆ. ಈ ಲೆಕ್ಕ ಹುಟ್ಟಿದ ಕಥೆ ಗೊತ್ತಿದ್ದರೆ ಅದಕ್ಕೆ ಎಷ್ಟು ಬೆಲೆ ಕೊಡಬೇಕು ಅನ್ನುವುದು ತಿಳಿಯುತ್ತದೆ. 1830ರ ದಶಕದಲ್ಲಿ ಇದನ್ನು ಕಂಡುಕೊಂಡವರು ಬೆಲ್ಜಿಯಂನ ಅಡಾಲ್ಫ್ ಕೆಟಲೆ. ಅವರು ವೈದ್ಯರಲ್ಲ, ಗಣಿತ ಮತ್ತು ಅಂಕಿಅಂಶದವರು. ಇಡೀ ಜನಸಮೂಹದ ಸರಾಸರಿ ತಿಳಿಯುವುದು ಅವರ ಉದ್ದೇಶ. ಬಿಎಂಐ ಅನ್ನುವ ಹೆಸರು ಬಂದದ್ದು 1972ರಲ್ಲಿ, ಅಮೆರಿಕದ ವಿಜ್ಞಾನಿ ಆನ್ಸೆಲ್ ಕೀಸ್ ಅವರಿಂದ. ಸ್ನಾಯು ಎಷ್ಟು, ಕೊಬ್ಬು ಎಷ್ಟು, ಕೊಬ್ಬು ಎಲ್ಲಿದೆ, ಇದ್ಯಾವುದನ್ನೂ ಈ ಅಂಕಿ ಹೇಳುವುದಿಲ್ಲ. ಇನ್ನೊಂದು ಕಡೆಯಿಂದಲೂ ಇದು ದಾರಿ ತಪ್ಪಿಸುತ್ತದೆ: ಏಷ್ಯಾ ಮೂಲದವರಲ್ಲಿ ಕಡಿಮೆ ಬಿಎಂಐಗೇ ಶುಗರ್ ಬರುವುದರಿಂದ 23 ಮತ್ತು 27.5ರಲ್ಲೇ ಎಚ್ಚರ ವಹಿಸಿ ಅಂತ ವಿಶ್ವ ಆರೋಗ್ಯ ಸಂಸ್ಥೆಯ ತಜ್ಞರ ಸಮಿತಿ 2004ರಲ್ಲಿ ಸೂಚಿಸಿತು. ಅಂದರೆ ತೆಳ್ಳಗಿದ್ದವರೂ ಸುಮ್ನೆ ನಿಶ್ಚಿಂತೆಯಿಂದ ಇರುವ ಹಾಗಿಲ್ಲ. ಬಿಎಂಐ ನೋಡಿ ಒಂದು ಅಂದಾಜು ಮಾಡಬಹುದು, ಅಷ್ಟೇ. ಸೊಂಟದ ಸುತ್ತಳತೆ ಎತ್ತರದ ಅರ್ಧಕ್ಕಿಂತ ಕಡಿಮೆ ಇದೆಯೇ ಅನ್ನುವುದು ಅದಕ್ಕಿಂತ ಉಪಯೋಗದ ಅಳತೆ. ನಿಮ್ಮ ಎತ್ತರದ ಅರ್ಧ ಅಂದರೆ 79 ಸೆಂ.ಮೀ. ಜೊತೆಗೆ ಶುಗರ್, ಬಿಪಿ, ಕೊಲೆಸ್ಟ್ರಾಲ್, ನಿದ್ದೆ, ಮೆಟ್ಟಿಲು ಹತ್ತುವಾಗ ಏದುಸಿರು ಎಷ್ಟು ಬರುತ್ತದೆ ಅನ್ನುವುದು. ಇವೆಲ್ಲ ಸೇರಿ ನಿಮ್ಮ ಆರೋಗ್ಯ.

ಈಗ ಡಯಟ್ ವಿಷಯ. ಪ್ರತಿ ಸಲ ತೂಕ ವಾಪಸ್ ಬಂದದ್ದಕ್ಕೆ ನಿಮ್ಮ ಮನಸ್ಸು ಗಟ್ಟಿ ಇಲ್ಲದಿರುವುದೇ ಕಾರಣ ಅಂದುಕೊಂಡಿದ್ದೀರಿ, ಅಲ್ವಾ? ಅದೇ ಆನ್ಸೆಲ್ ಕೀಸ್ 1944-45ರಲ್ಲಿ ಅಮೆರಿಕದ ಮಿನೆಸೋಟಾದಲ್ಲಿ ಒಂದು ಪ್ರಯೋಗ ಮಾಡಿದ್ದರು. ಯುದ್ಧದಿಂದ ಹಸಿದ ಜನರಿಗೆ ಮತ್ತೆ ಹೇಗೆ ಊಟ ಕೊಡಬೇಕು ಅಂತ ತಿಳಿಯುವುದು ಉದ್ದೇಶ. 36 ಜನ ಆರೋಗ್ಯವಂತ ಯುವಕರು ತಾವಾಗಿ ಮುಂದೆ ಬಂದರು. ಆರು ತಿಂಗಳು ಅವರಿಗೆ ದಿನಕ್ಕೆ ಸುಮಾರು 1,570 ಕ್ಯಾಲೊರಿ. ತೂಕದಲ್ಲಿ ಕಾಲು ಭಾಗ ಹೋಯಿತು. ಆದರೆ ತೂಕದ ಜೊತೆ ಇನ್ನೂ ಏನೇನೋ ಹೋಯಿತು. ಹಗಲು ರಾತ್ರಿ ಊಟದ್ದೇ ಯೋಚನೆ, ಊಟದ್ದೇ ಕನಸು. ಸಿಡಿಮಿಡಿ, ಬೇಸರ, ಯಾವುದರಲ್ಲೂ ಮನಸ್ಸಿಲ್ಲ. ಮೈ ಖರ್ಚು ಮಾಡುವ ಶಕ್ತಿಯೂ ಕುಗ್ಗಿತು. ಮತ್ತೆ ಹೊಟ್ಟೆ ತುಂಬ ಊಟ ಕೊಟ್ಟಾಗ ಕೆಲವರಿಗೆ ಎಷ್ಟು ತಿಂದರೂ ಸಾಕು ಅನ್ನಿಸಲೇ ಇಲ್ಲ. ಅವರು ಗಂಡಸರು, ತೆಳ್ಳಗಿದ್ದವರು, ದಿನವೂ ನಡೆಯಬೇಕಿದ್ದವರು. ನಿಮ್ಮ 1,200ಕ್ಕೂ ಅವರ 1,570ಕ್ಕೂ ನೇರ ಹೋಲಿಕೆ ಸಲ್ಲದು. ಆದರೂ ಹಸಿದ ಮೈ ಮನಸ್ಸನ್ನು ಏನು ಮಾಡುತ್ತದೆ ಅನ್ನುವುದು ಇದರಲ್ಲಿ ಚೆನ್ನಾಗಿ ಕಾಣುತ್ತದೆ.

ಮೈಯ ಕೊಬ್ಬು ಲೆಪ್ಟಿನ್ ಅನ್ನುವ ಹಾರ್ಮೋನನ್ನು ಬಿಡುತ್ತದೆ. ಕೂಡಿಟ್ಟದ್ದು ಸಾಕಷ್ಟಿದೆ ಅಂತ ಮೆದುಳಿಗೆ ಅದು ತಿಳಿಸುತ್ತದೆ. ತೂಕ ಇಳಿದರೆ ಲೆಪ್ಟಿನ್ ಇಳಿಯುತ್ತದೆ, ಹಸಿವು ಹುಟ್ಟಿಸುವ ಗ್ರೆಲಿನ್ ಏರುತ್ತದೆ. 2011ರಲ್ಲಿ ಪ್ರಕಟವಾದ ಆಸ್ಟ್ರೇಲಿಯಾದ ಅಧ್ಯಯನವೊಂದರಲ್ಲಿ, ಕಡು ಡಯಟ್ ಮಾಡಿ ತೂಕ ಇಳಿಸಿದವರ ಹಾರ್ಮೋನುಗಳನ್ನು ಒಂದು ವರ್ಷದ ನಂತರ ನೋಡಿದರು. ಆಗಲೂ ಅವು ಹಸಿವಿನ ಕಡೆಗೇ ವಾಲಿದ್ದವು. ನೀವು ಡಯಟ್ ಮುಗಿಸಿದರೂ ನಿಮ್ಮ ಮೈ ಮುಗಿಸಿರಲಿಲ್ಲ ಅನ್ನಿ. ಇದರ ಮೇಲೆ ಹುಟ್ಟಿನಿಂದ ಬಂದದ್ದು, ನಿದ್ದೆಗೆಟ್ಟದ್ದು, ಥೈರಾಯ್ಡ್, ಪಿಸಿಒಎಸ್ (ಮುಟ್ಟು ಏರುಪೇರು ಮಾಡುವ ಹಾರ್ಮೋನಿನ ತೊಂದರೆ), ಸ್ಟೀರಾಯ್ಡ್ ಅಥವಾ ಮನಸ್ಸಿನ ಕಾಯಿಲೆಯ ಕೆಲವು ಮಾತ್ರೆಗಳು. ಇವನ್ನೆಲ್ಲ ನೋಡದೆ "ಕಮ್ಮಿ ತಿನ್ನಿ" ಅಂದರೆ ಅದು ಸಲಹೆ ಅಲ್ಲ.

ಇನ್ನು ನಾಚಿಕೆಯ ಮಾತು. ನಾಲ್ಕು ಮಾತು ಅಂದರೆ ಬುದ್ಧಿ ಬಂದು ತೂಕ ಇಳಿಸುತ್ತಾರೆ ಅನ್ನುವ ನಂಬಿಕೆ ಮನೆಗಳಲ್ಲೂ ಇದೆ, ಆಸ್ಪತ್ರೆಗಳಲ್ಲೂ ಇದೆ. ಇಂಗ್ಲೆಂಡಿನಲ್ಲಿ ಸುಮಾರು 2,900 ವಯಸ್ಕರನ್ನು ನಾಲ್ಕು ವರ್ಷ ಗಮನಿಸಿದ ಅಧ್ಯಯನವೊಂದು 2014ರಲ್ಲಿ ಬಂತು. ತೂಕದ ಕಾರಣಕ್ಕೆ ತಮ್ಮನ್ನು ಕೀಳಾಗಿ ನೋಡಿದರು ಅಂದವರ ತೂಕ ಆ ಅವಧಿಯಲ್ಲಿ ಏರಿತ್ತು. ಉಳಿದವರದು ತುಸು ಇಳಿದಿತ್ತು. ಇದೊಂದರಿಂದ ಕಾರಣ ಸಾಬೀತಾಗುವುದಿಲ್ಲ, ನಿಜ. ಆದರೆ ನಿಮ್ಮದೇ ಉದಾಹರಣೆ ನೋಡಿ. ಯಾರೋ ನಕ್ಕರು, ನೀವು ವಾಕಿಂಗ್ ಬಿಟ್ಟಿರಿ. ನಿಮ್ಮ ಶುಗರಿಗೆ ಒಳ್ಳೆಯದಾಗುತ್ತಿದ್ದ ಒಂದು ಅಭ್ಯಾಸ ಆ ನಗೆಗೆ ಬಲಿಯಾಯಿತು.

ಹಾಗಾದರೆ ಕನ್ನಡಿ ಮುಂದೆ ಏನು ಹೇಳಿಕೊಳ್ಳಬೇಕು? ಏನೂ ಬೇಡ. ನಿಮಗೆ ಸುಳ್ಳು ಅನ್ನಿಸಿದ್ದು ಸಹಜವೇ. 2009ರಲ್ಲಿ ಕೆನಡಾದ ಮನಶ್ಶಾಸ್ತ್ರಜ್ಞರು ಇದನ್ನೇ ಪರೀಕ್ಷಿಸಿದರು. ತಮ್ಮ ಬಗ್ಗೆ ಮೊದಲೇ ಕೀಳರಿಮೆ ಇದ್ದವರು "ನಾನು ಎಲ್ಲರ ಪ್ರೀತಿಗೆ ಯೋಗ್ಯ" ಅನ್ನುವಂಥ ಮಾತನ್ನು ಮತ್ತೆ ಮತ್ತೆ ಹೇಳಿಕೊಂಡಾಗ ಅವರ ಮನಸ್ಸು ಇನ್ನಷ್ಟು ಕುಗ್ಗಿತು. ಒಳಗಿನಿಂದ "ಇಲ್ಲ" ಅನ್ನುವ ದನಿ ಏಳುತ್ತದೆ. ನಿಮ್ಮ ದೇಹವನ್ನು ಪ್ರೀತಿಸಲೇಬೇಕು ಅನ್ನುವುದು ಇನ್ನೊಂದು ಹೊರೆ, ಅದನ್ನು ಹೊರಬೇಡಿ. ಇಷ್ಟು ಸಾಕು: ಇದು ನನ್ನ ಕಾಲು, ಇವತ್ತು ಇಷ್ಟು ದೂರ ನಡೆಯಿತು. ಇದು ನನ್ನ ಹೊಟ್ಟೆ, ಈಗ ಹಸಿದಿದೆ. ಹೊಗಳಿಕೆಯೂ ಇಲ್ಲ, ಬೈಗುಳವೂ ಇಲ್ಲ. ಬೇಸರದ ದಿನ ಬಂದರೂ ಆ ದಿನದ ಊಟ, ನಡಿಗೆ, ಮಾತ್ರೆ ತಪ್ಪದಿದ್ದರೆ ನನಗೆ ಸಮಾಧಾನ.

ಬಟ್ಟೆಯ ಬಗ್ಗೆ ಒಂದು ಮಾತು. ಈಗಿನ ಮೈಗೆ ಸರಿಯಾಗಿ ಹೊಂದುವ ಬಟ್ಟೆ ಹಾಕಿಕೊಳ್ಳಿ. ತೂಕ ಇಳಿದ ಮೇಲೆ ಹಾಕಿಕೊಳ್ಳೋಣ ಅಂತ ಎತ್ತಿಟ್ಟಿರುವ ಬಟ್ಟೆಗಳನ್ನು ಕಣ್ಣಿಗೆ ಬೀಳದ ಕಡೆ ಇಡಿ. ಬಿಗಿಯಾದ ಬಟ್ಟೆ ದಿನವಿಡೀ ಹೊಟ್ಟೆಯನ್ನೇ ನೆನಪಿಸುತ್ತಿದ್ದರೆ ಯಾರಿಗೆ ತಾನೇ ನಡೆಯಲು ಮನಸ್ಸು ಬರುತ್ತದೆ? ಮೊಬೈಲಿನಲ್ಲೂ ಅಷ್ಟೆ. ನೋಡಿದ ಮೇಲೆ ನಿಮ್ಮ ಬಗ್ಗೆ ಕೆಟ್ಟದ್ದೆನಿಸುವ ಖಾತೆಗಳನ್ನು ತೆಗೆದುಹಾಕಿ. ಬಾಡಿ ಪಾಸಿಟಿವಿಟಿ ಖಾತೆಗಳಿಗೂ ಇದು ಅನ್ವಯ, ಯಾಕೆಂದರೆ ಅಲ್ಲೂ ಎಷ್ಟೋ ಸಲ ಮಾತೆಲ್ಲ ಮೈಯ ಸುತ್ತಲೇ ತಿರುಗುತ್ತಿರುತ್ತದೆ.

ಈಗ ರಾತ್ರಿ ಊಟಕ್ಕೆ ಬರುತ್ತೇನೆ. ಸ್ವಲ್ಪ ಹೊತ್ತಿನಲ್ಲೇ ತೀರಾ ಜಾಸ್ತಿ ತಿನ್ನುವುದು, ನಿಲ್ಲಿಸಲು ಆಗದೆ ಹೋಗುವುದು, ಒಬ್ಬರೇ ಕದ್ದು ತಿನ್ನುವುದು, ಆಮೇಲೆ ತಮ್ಮ ಮೇಲೆ ಅಸಹ್ಯ. ಇದು ವಾರಕ್ಕೆ ಒಂದು ಸಲದಂತೆ ಮೂರು ತಿಂಗಳು ನಡೆದರೆ ಅದಕ್ಕೆ ಬಿಂಜ್ ಈಟಿಂಗ್ ಡಿಸಾರ್ಡರ್ ಅನ್ನುತ್ತೇವೆ. 2013ರಿಂದ ಇದು ಅಮೆರಿಕದ ಮನೋವೈದ್ಯರ ಅಧಿಕೃತ ರೋಗಪಟ್ಟಿಯಲ್ಲಿ ಪ್ರತ್ಯೇಕ ಕಾಯಿಲೆಯಾಗಿದೆ. ನಿಮಗೆ ಇದು ಇದೆ ಅಂತ ಪತ್ರ ನೋಡಿ ಹೇಳಲಾರೆ. ಎದುರು ಕೂತು ಮಾತಾಡಿದರೇ ಗೊತ್ತಾಗುವುದು. ಆದರೆ ಅನುಮಾನ ಪಡಲು ಸಾಕಷ್ಟು ಇದೆ. ಇದಕ್ಕೆ ಚಿಕಿತ್ಸೆ ಇದೆ, ಸಿಬಿಟಿ ಅನ್ನುವ ಆಪ್ತಸಮಾಲೋಚನೆ ಚೆನ್ನಾಗಿ ಕೆಲಸ ಮಾಡುತ್ತದೆ. ಅದರ ಮೊದಲ ಹೆಜ್ಜೆ ಕೇಳಿದರೆ ನಿಮಗೆ ಆಶ್ಚರ್ಯ ಆಗಬಹುದು: ಹಗಲು ಸರಿಯಾಗಿ ತಿನ್ನುವುದು. ಮೂರು ಊಟ, ನಡುವೆ ಒಂದೆರಡು ಸಣ್ಣ ತಿಂಡಿ, ಎರಡರ ನಡುವೆ ನಾಲ್ಕು ತಾಸಿಗಿಂತ ಹೆಚ್ಚು ಅಂತರ ಬೇಡ. ಹಿಂದಿನ ರಾತ್ರಿ ಎಷ್ಟೇ ತಿಂದಿದ್ದರೂ ಬೆಳಗಿನ ತಿಂಡಿ ಬಿಡಬೇಡಿ. ಬಿಟ್ಟರೆ ಅದೇ ಚಕ್ರ ಮತ್ತೆ ಶುರು. ತಿಂದದ್ದನ್ನು ವಾಂತಿ ಮಾಡಿಕೊಳ್ಳುವುದು, ಭೇದಿ ಮಾತ್ರೆ ನುಂಗುವುದು, ಬದುಕೇ ಬೇಡ ಅನ್ನಿಸುವುದು ಇದ್ದರೆ ಮುಂದಿನ ವಾರಕ್ಕೆ ತಳ್ಳಬೇಡಿ, ಕೂಡಲೇ ಮನೋವೈದ್ಯರನ್ನು ನೋಡಿ.

ನಿಮ್ಮ ಮುಂದಿರುವ ದಾರಿಗಳಲ್ಲಿ ಮೊದಲನೆಯದು, ಸದ್ಯಕ್ಕೆ ತೂಕದ ಯಂತ್ರವನ್ನು ಬದಿಗಿಟ್ಟು ಅಭ್ಯಾಸಗಳನ್ನು ಮಾತ್ರ ನೋಡುವುದು. ವಾರಕ್ಕೆ 150 ನಿಮಿಷ ಸ್ವಲ್ಪ ಬಿರುಸಾದ ನಡಿಗೆ ಅಥವಾ ಅಂಥ ಯಾವುದಾದರೂ ಚಟುವಟಿಕೆ, ವಾರಕ್ಕೆ ಎರಡು ದಿನ ಸ್ನಾಯುಗಳಿಗೆ ಬಲ ಕೊಡುವ ವ್ಯಾಯಾಮ. ವಿಶ್ವ ಆರೋಗ್ಯ ಸಂಸ್ಥೆ ವಯಸ್ಕರಿಗೆ ಹೇಳುವುದೂ ಇದನ್ನೇ. ಒಂದೇ ಸಲ ಆಗದಿದ್ದರೆ ಹತ್ತು ಹತ್ತು ನಿಮಿಷ ಮಾಡಿ. ಹೊರಗೆ ಹೋಗಲು ಮನಸ್ಸು ಒಪ್ಪದಿದ್ದರೆ ಮನೆಯೊಳಗೇ ಶುರು ಮಾಡಿ, ಅಥವಾ ಜೊತೆಗೆ ಒಬ್ಬರನ್ನು ಕರೆದುಕೊಂಡು ಹೋಗಿ. ತೂಕ ಒಂದು ಗ್ರಾಂ ಇಳಿಯದಿದ್ದರೂ ಸ್ನಾಯು ರಕ್ತದ ಸಕ್ಕರೆಯನ್ನು ಎಳೆದುಕೊಳ್ಳುತ್ತದೆ. ತಟ್ಟೆಯಲ್ಲಿ ತರಕಾರಿ, ಕಾಳು, ಪ್ರೋಟೀನ್ ಹೆಚ್ಚಲಿ. ಈ ದಾರಿಯ ಅಪಾಯ ಇಷ್ಟೇ: ತೂಕ ಇಳಿಯದೇ ಇರಬಹುದು. ಯಂತ್ರ ಬದಿಗಿಟ್ಟೆ ಅಂತ ರಕ್ತ ಪರೀಕ್ಷೆಯನ್ನೂ ಬದಿಗಿಟ್ಟರೆ ಕೆಟ್ಟಿತು.

ಎರಡನೆಯದು, ಸಣ್ಣ ಗುರಿ ಇಟ್ಟುಕೊಂಡು ನಿಧಾನಕ್ಕೆ ತೂಕ ಇಳಿಸುವುದು. ಅಮೆರಿಕದಲ್ಲಿ 3,234 ಜನರ ಮೇಲೆ ನಡೆದು 2002ರಲ್ಲಿ ಪ್ರಕಟವಾದ ದೊಡ್ಡ ಅಧ್ಯಯನದಲ್ಲಿ ಗುರಿ ಇದ್ದದ್ದು ತೂಕದ ಶೇ 7 ಮಾತ್ರ, ಜೊತೆಗೆ ಅದೇ 150 ನಿಮಿಷದ ಚಟುವಟಿಕೆ. ಮಧುಮೇಹ ಬರುವ ಪ್ರಮಾಣ ಶೇ 58ರಷ್ಟು ತಗ್ಗಿತು. ಮೆಟ್‌ಫಾರ್ಮಿನ್ ಅನ್ನುವ ಶುಗರ್ ಮಾತ್ರೆ ತೆಗೆದುಕೊಂಡ ಗುಂಪಿನಲ್ಲಿ ತಗ್ಗಿದ್ದು ಶೇ 31. ನಿಮ್ಮ ಲೆಕ್ಕಕ್ಕೆ ಶೇ 7 ಅಂದರೆ ಐದೂವರೆ ಕೆಜಿ. ಆಗಲೂ ನೀವು ತೆಳ್ಳಗೆ ಕಾಣುವುದಿಲ್ಲ, ಮದುವೆಗೆ ಮುಂಚಿನ ಬಟ್ಟೆಯೂ ಆಗುವುದಿಲ್ಲ. ಆದರೆ ಆರೋಗ್ಯಕ್ಕೆ ಬೇಕಾದದ್ದು ಬಹಳಷ್ಟು ಅಷ್ಟರಲ್ಲೇ ಸಿಗುತ್ತದೆ. ಹೀಗೆ ಇಳಿಸಿದರೆ ನೀವು ನಿಮ್ಮ ದೇಹಕ್ಕೆ ದ್ರೋಹ ಬಗೆದಂತೆ ಅಂತ ಯಾವ ವಿಡಿಯೋ ಹೇಳಿದರೂ ಕಿವಿಗೆ ಹಾಕಿಕೊಳ್ಳಬೇಡಿ. ನಿಮ್ಮ ಮಟ್ಟಿಗೆ ಅಪಾಯ ಬೇರೆ ಕಡೆ ಇದೆ. ಕ್ಯಾಲೊರಿ ಲೆಕ್ಕ ಶುರುವಾದರೆ ರಾತ್ರಿ ಊಟ ಮತ್ತೆ ಕೆರಳಬಹುದು. ಅದಕ್ಕೇ ಇದು ಮೊದಲ ಹೆಜ್ಜೆ ಆಗಬಾರದು.

ಮೂರನೆಯದು ನೀವು ಕೇಳಿದ ಇಂಜೆಕ್ಷನ್. ಸೆಮಾಗ್ಲುಟೈಡ್‌ನಂಥ ಔಷಧಗಳು ಹಸಿವಿನ ಸಂಕೇತವನ್ನೇ ತಗ್ಗಿಸುತ್ತವೆ. 2021ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ 68 ವಾರಗಳಲ್ಲಿ ಸರಾಸರಿ ಶೇ 15ರಷ್ಟು ತೂಕ ಇಳಿಯಿತು. ತೂಕ ಬರೀ ಮನೋಬಲದ ಪ್ರಶ್ನೆ ಅಲ್ಲ ಅನ್ನುವುದನ್ನು ನನ್ನ ಎಷ್ಟೋ ಸಹೋದ್ಯೋಗಿಗಳಿಗೆ ಮನವರಿಕೆ ಮಾಡಿದ್ದೇ ಈ ಔಷಧ! ಆದರೆ ಅದನ್ನು ನಿಲ್ಲಿಸಿದವರಲ್ಲಿ ಒಂದು ವರ್ಷದಲ್ಲಿ ಇಳಿದದ್ದರ ಮೂರನೇ ಎರಡು ಭಾಗ ವಾಪಸ್ ಬಂತು. ವಾಕರಿಕೆ, ವಾಂತಿ, ಮಲಬದ್ಧತೆ ಸಾಮಾನ್ಯ. ಪಿತ್ತಕೋಶದ ಕಲ್ಲು ಆಗಬಹುದು, ಅಪರೂಪಕ್ಕೆ ಮೇದೋಜೀರಕ ಗ್ರಂಥಿ ಊದಬಹುದು. ಕೊಬ್ಬಿನ ಜೊತೆ ಸ್ನಾಯುವೂ ಕರಗುತ್ತದೆ. ಗರ್ಭಿಣಿಯರು ತೆಗೆದುಕೊಳ್ಳುವ ಹಾಗಿಲ್ಲ, ಮಗು ಬೇಕೆನ್ನುವವರು ಕನಿಷ್ಠ ಎರಡು ತಿಂಗಳು ಮೊದಲೇ ನಿಲ್ಲಿಸಬೇಕು. ಮನೆಯಲ್ಲಿ ಯಾರಿಗಾದರೂ ಮೆಡುಲರಿ ಅನ್ನುವ ಬಗೆಯ ಥೈರಾಯ್ಡ್ ಕ್ಯಾನ್ಸರ್ ಇದ್ದಿದ್ದರೆ ಇದು ಬೇಡ. ಔಷಧ ತೆಗೆದುಕೊಳ್ಳುವುದು ಸೋಲೂ ಅಲ್ಲ, ಮೋಸವೂ ಅಲ್ಲ. ಆದರೆ ನಿಮಗೆ ಇವತ್ತೇ ಬೇಕೇ ಅಂದರೆ ನನ್ನ ಉತ್ತರ ಇಲ್ಲ. ಶಸ್ತ್ರಚಿಕಿತ್ಸೆಯ ಮಾತಂತೂ ನಿಮ್ಮ ವಿಷಯದಲ್ಲಿ ಈಗ ಎತ್ತಬೇಕಾಗಿಯೇ ಇಲ್ಲ.

ನೀವು ನನ್ನ ಎದುರು ಕೂತಿದ್ದರೆ ನಾನು ಹೇಳುತ್ತಿದ್ದ ಕ್ರಮ ಇದು. ಮೊದಲು ರಾತ್ರಿ ಊಟಕ್ಕೆ ನೆರವು. ಅದರ ಜೊತೆಗೇ ಮೂರು ತಿಂಗಳು ಮೊದಲ ದಾರಿ. ಆಮೇಲೆ ಎಚ್‌ಬಿಎ1ಸಿ ಮತ್ತೆ ನೋಡೋಣ. ಕೆಂಪು ರಕ್ತಕಣಗಳ ಆಯಸ್ಸು ಸುಮಾರು 120 ದಿನ ಆದ್ದರಿಂದ ಮೂರು ತಿಂಗಳಿಗಿಂತ ಬೇಗ ನೋಡಿದರೆ ಬದಲಾವಣೆ ಪೂರ್ತಿ ಕಾಣುವುದಿಲ್ಲ. ಅದು ಇಳಿದಿದ್ದರೆ ಹೀಗೇ ಮುಂದುವರಿಸಿ. ಏರಿದ್ದರೆ ಎರಡನೆಯ ದಾರಿ, ಬೇಕಾದರೆ ಔಷಧ.

ಮಗಳ ಪ್ರಶ್ನೆಗೆ "ಛೆ, ನೀನೆಲ್ಲಿ ದಪ್ಪ!" ಅಂದುಬಿಡುವುದು ಸುಲಭ. ಆದರೆ ದಪ್ಪ ಇರುವುದು ಭಯಂಕರ ಸಂಗತಿ ಅನ್ನುವುದನ್ನು ಆ ಉತ್ತರವೇ ಅವಳಿಗೆ ಕಲಿಸುತ್ತದೆ. "ಯಾಕೆ ಪುಟ್ಟಿ, ಯಾರಾದರೂ ಏನಾದರೂ ಅಂದರಾ?" ಅಂತ ಕೇಳಿ, ಅವಳು ಹೇಳುವುದನ್ನು ಪೂರ್ತಿ ಕೇಳಿಸಿಕೊಳ್ಳಿ. ಮಕ್ಕಳು ಇದನ್ನು ಹುಟ್ಟುವಾಗ ತಂದಿರುವುದಿಲ್ಲ. ಫಿಜಿ ಅನ್ನುವ ದ್ವೀಪದೇಶದ ಒಂದು ಪ್ರಾಂತ್ಯಕ್ಕೆ 1995ರಲ್ಲಿ ಟಿವಿ ಬಂತು. ಮೈ ಕೈ ತುಂಬಿಕೊಂಡಿರುವುದನ್ನೇ ಮೆಚ್ಚುತ್ತಿದ್ದ ಊರುಗಳು ಅವು. ಮೂರೇ ವರ್ಷದಲ್ಲಿ ಅಲ್ಲಿನ ಹದಿಹರೆಯದ ಹುಡುಗಿಯರಲ್ಲಿ ಶೇ 11ರಷ್ಟು ಮಂದಿ ತೂಕಕ್ಕಾಗಿ ವಾಂತಿ ಮಾಡಿಕೊಳ್ಳುತ್ತೇವೆ ಅಂದರು. ಮೊದಲು ಅಂಥವರು ಒಬ್ಬರೂ ಇರಲಿಲ್ಲ. ನಿಮ್ಮ ಮಗಳ ಮುಂದೆ ನಿಮ್ಮ ಮೈಯನ್ನು ನೀವೇ ಬೈದುಕೊಳ್ಳುವುದನ್ನು ಇವತ್ತಿನಿಂದ ನಿಲ್ಲಿಸಿ. ಮನಸ್ಸಿನಲ್ಲಿ ಬಂದರೂ ಬಾಯಲ್ಲಿ ಬೇಡ. ಅವಳ ಜೊತೆ ಕೂತು ಅವಳು ತಿನ್ನುವುದನ್ನೇ ತಿನ್ನಿ. ಅವಳ ತೂಕದ ಬಗ್ಗೆ ನಿಜಕ್ಕೂ ಅನುಮಾನ ಇದ್ದರೆ ಅವಳಿಲ್ಲದಾಗ ಮಕ್ಕಳ ವೈದ್ಯರ ಹತ್ತಿರ ಮಾತಾಡಿ.

ನಿಮ್ಮ ಮನೆಯವರ ಜೊತೆ ವಾದಕ್ಕೆ ಇಳಿಯುವುದರಲ್ಲಿ ಅರ್ಥ ಕಾಣೆ. "ನನ್ನ ತೂಕದ ಬಗ್ಗೆ ಮಾತು ಬೇಡ, ದಿನಾ ಸಂಜೆ ಅರ್ಧ ಗಂಟೆ ನನ್ನ ಜೊತೆ ನಡೆಯಲು ಬನ್ನಿ" ಅನ್ನಿ. ಎಷ್ಟೋ ಗಂಡಂದಿರಿಗೆ ಮಾಡಲು ಒಂದು ಕೆಲಸ ಕೊಟ್ಟರೆ ಟೀಕೆ ತಾನಾಗಿ ಕಮ್ಮಿಯಾಗುತ್ತದೆ.

ಇನ್ನು ಡಾಕ್ಟರ ವಿಷಯ. ಒಬ್ಬರು ಹಾಗಂದರು ಅಂತ ಆಸ್ಪತ್ರೆಗೆ ಹೋಗುವುದನ್ನೇ ಬಿಡಬೇಡಿ. ಅವರ ಹತ್ತಿರವೇ ಹೋಗಿ, ಅಥವಾ ಬೇರೆಯವರನ್ನು ನೋಡಿ. ನೋವು ಶುರುವಾಗಿದ್ದು ಯಾವಾಗ, ಮೆಟ್ಟಿಲು ಹತ್ತುವಾಗಲೋ ಇಳಿಯುವಾಗಲೋ, ಮಂಡಿ ಊದುತ್ತದೆಯೇ, ಬೆಳಗ್ಗೆ ಬಿಗಿಯುತ್ತದೆಯೇ ಅನ್ನುವುದನ್ನು ಚೀಟಿಯಲ್ಲಿ ಬರೆದುಕೊಂಡು ಹೋಗಿ. ತೂಕದ ಮಾತು ಬಂದರೆ ಹೀಗೆ ಕೇಳಿ: "ತೆಳ್ಳಗಿರುವವರು ಇದೇ ನೋವು ಅಂತ ಬಂದರೆ ಏನು ಪರೀಕ್ಷೆ ಮಾಡುತ್ತೀರಿ ಡಾಕ್ಟ್ರೇ? ನನಗೂ ಅದನ್ನೇ ಮಾಡಿ." ಒಳ್ಳೆಯ ವೈದ್ಯರು ಇದಕ್ಕೆ ಬೇಸರ ಮಾಡಿಕೊಳ್ಳುವುದಿಲ್ಲ. ಅದೇ ಭೇಟಿಯಲ್ಲಿ ಥೈರಾಯ್ಡ್ ಪರೀಕ್ಷೆ ಮಾಡಿಸಿ. ಮುಟ್ಟು ಏರುಪೇರಾಗಿದ್ದರೆ, ಜೋರು ಗೊರಕೆ ಇದ್ದು ಹಗಲೂ ತೂಕಡಿಕೆ ಬರುತ್ತಿದ್ದರೆ ಅದನ್ನೂ ಹೇಳಿ. ಈಗ ತೆಗೆದುಕೊಳ್ಳುತ್ತಿರುವ ಮಾತ್ರೆಗಳ ಪಟ್ಟಿ ಕೈಯಲ್ಲಿರಲಿ. ರಾತ್ರಿ ಊಟದ ವಿಷಯವನ್ನು ನೀವಾಗಿಯೇ ಎತ್ತಿ, ಯಾಕೆಂದರೆ ಅವರು ಬಹುಶಃ ಕೇಳುವುದಿಲ್ಲ.